ಹಳೆಯ ಕಡತದ ಟಿಪ್ಪಣಿ

ಎಂಬತ್ತರ ದಶಕದಲ್ಲಿ ಚನ್ನಗಿರಿಯ ನಮ್ಮ ಬೀದಿಯಲ್ಲಿ ನಿವೃತ್ತ ರಿಜಿಸ್ಟ್ರಾರ್ ಒಬ್ಬರಿದ್ದರು. ನಿವೃತ್ತ ಎಂಬ ಮಾತನ್ನು ಅವರು ಮಾತ್ರ ಒಪ್ಪುತ್ತಿರಲಿಲ್ಲ. ಅವರ ವಿಶ್ವವಿದ್ಯಾಲಯದಲ್ಲಿ ಪಾಠ ಹೇಳುವವರಿಗೆ ನಿವೃತ್ತಿ ವಯಸ್ಸು ಅರವತ್ತು, ಕಚೇರಿಯವರಿಗೆ ಐವತ್ತೆಂಟು. ಹದಿನೈದು ವರ್ಷ ಪಾಠ ಹೇಳಿ ಕಚೇರಿಗೆ ಬಂದ ತಮ್ಮನ್ನು ಐವತ್ತೆಂಟಕ್ಕೇ ಮನೆಗೆ ಕಳಿಸಿದ್ದು ತಪ್ಪೆಂದು ಹೈಕೋರ್ಟಿಗೆ ಹೋಗಿದ್ದರು.

ದಿನಾ ಹತ್ತೂವರೆಗೆ ಇಸ್ತ್ರಿ ಮಾಡಿದ ಅಂಗಿ ತೊಟ್ಟು ಜಗಲಿಯ ಮೇಲೆ ಕೇಸಿನ ಕಡತ ಬಿಚ್ಚಿ ಕೂರುತ್ತಿದ್ದರು. ಐದೂವರೆಗೆ ದಾರ ಕಟ್ಟಿ ಏಳುತ್ತಿದ್ದರು. ಕೇಸು ಎಲ್ಲಿಗೆ ಬಂತೆಂದು ಯಾರು ಕೇಳಿದರೂ ಒಂದೇ ಉತ್ತರ: “ರೂಲ್ ಐತಲ್ರಿ, ನಮ್ದೇನೈತೆ.”

ಒಂದು ವಾಯಿದೆಗೆ ಅವರ ಜೊತೆ ನಾನೂ ಬೆಂಗಳೂರಿಗೆ ಹೋಗಿದ್ದೆ. ಎದುರು ವಕೀಲರು ಹಳೆಯ ಕಡತವೊಂದನ್ನು ತೆಗೆದರು. ಮೊದಲು ಮೇಷ್ಟರಾಗಿದ್ದು ಆಮೇಲೆ ಪರೀಕ್ಷಾ ವಿಭಾಗ ಸೇರಿದ್ದ ಅಧಿಕಾರಿಯೊಬ್ಬರು, ತಮಗೂ ಅರವತ್ತರವರೆಗೆ ಕೆಲಸ ಕೊಡಿ ಎಂದು ಬರೆದುಕೊಂಡಿದ್ದ ಅರ್ಜಿ ಅದರಲ್ಲಿತ್ತು. ಅಂಚಿನಲ್ಲಿ ಟಿಪ್ಪಣಿ: ‘ಹಿಂದೆ ಪಾಠ ಹೇಳಿದ್ದು ಗಣನೆಗೆ ಬಾರದು. ಈಗ ಕೂತಿರುವ ಕುರ್ಚಿಯೇ ಮುಖ್ಯ. ಅರ್ಜಿ ತಿರಸ್ಕರಿಸಿದೆ.’ ಕೆಳಗಿದ್ದ ಸಹಿ ನಮ್ಮ ರಿಜಿಸ್ಟ್ರಾರರದು. ಕೇಸು ಅಲ್ಲಿಗೇ ಬಿದ್ದುಹೋಯಿತು.

ವಾಪಸು ಬರುವಾಗ ಬಸ್ಸಿನಲ್ಲಿ ಅವರು ಕೇಸಿನ ಕಡತವನ್ನು ತೊಡೆಯ ಮೇಲಿಟ್ಟುಕೊಂಡಿದ್ದರು. ಚಿತ್ರದುರ್ಗ ದಾಟಿದ ಮೇಲೆ ನಾನೇ ಸಮಾಧಾನಕ್ಕೆಂದು, “ರೂಲ್ ಇತ್ತಲ್ಲ ಸಾರ್, ನೀವೇನು ಮಾಡಾಕಾಗ್ತಿತ್ತು?” ಎಂದೆ.

ಕಡತವನ್ನು ತೊಡೆಯಿಂದ ತೆಗೆದು ಕಾಲ ಬಳಿ ಇಟ್ಟರು.

“ಅರ್ಜಿ ಹಿಡ್ಕಂಡು ಬಂದಿದ್ದ ಆ ಮನುಷ್ಯ ಅವತ್ತು ಒಂದು ತಾಸು ನನ್ನ ಮೇಜಿನ ಮುಂದೆ ನಿಂತೇ ಇದ್ರು ಕಣ್ರಿ. ಕೂತ್ಕಳ್ರಿ ಅನ್ನಾಕೆ ಯಾವ ರೂಲೂ ಅಡ್ಡ ಇರ್ಲಿಲ್ಲ.”