ಹುಲಿಕೆರೆಯ ಏಳು ನಿಮಿಷ

"ಏನಪ್ಪಾ ಶಿವು, ನಿನ್ನ ಸಿನ್ಮಾಕ್ಕೆ ಹೀರೋಯಿನ್ ಯಾರು?" ಅಂತ ಅಮ್ಮ ಕೇಳಿದಾಗ ನನ್ನ ಕಾಲೇಜು ಗೆಳೆಯ ಶಿವು ಚೂರೂ ನಗದೆ ಹೇಳಿದ: "ನೀರು, ಅಮ್ಮಾ."

ಶಿವು ಪ್ರಯೋಗಾತ್ಮಕ ಸಿನಿಮಾ ಮಾಡುತ್ತಾನೆ. ಅಂದರೆ ಕಥೆ ಇಲ್ಲ, ಹಾಡಿಲ್ಲ, ಫೈಟಿಲ್ಲ. (ನಿರ್ಮಾಪಕರೂ ಇಲ್ಲ.) ಕೆರೆಯೋ ಮರವೋ ಬಂಡೆಯೋ, ಅದರ ಮುಂದೆ ಕ್ಯಾಮೆರಾ ಇಟ್ಟು ಕಾಯುತ್ತಾನೆ. "ಸುಮ್ನೆ ನೋಡ್ತಾ ಕೂತ್ರೆ ನೆನಪು ತಾನಾಗೇ ಬರುತ್ತೆ ಕಣೇ" ಅನ್ನುತ್ತಾನೆ. ನಮ್ಮ ಅರಸೀಕೆರೆಯಲ್ಲಿ ಸುಮ್ಮನೆ ಕೂತರೆ ಬರುವುದು ನಿದ್ದೆ!

ಹೋದ ಡಿಸೆಂಬರ್‌ನಲ್ಲಿ ಹಳೇಬೀಡಿನ ಪಕ್ಕದ ಹುಲಿಕೆರೆಗೆ ಹೊರಟ. ಅಲ್ಲಿ ಸುತ್ತಲೂ ಮೆಟ್ಟಿಲಿರುವ ಹಳೇ ಕೊಳವಿದೆ. ಅಮ್ಮನ ತವರೂ ಅದೇ ಕಡೆ. "ನಾನೂ ಬತ್ತೀನಿ" ಅಂದವಳೇ ರೇಷ್ಮೆ ಸೀರೆ ಉಟ್ಟು, ಕನಕಾಂಬರ ಮುಡಿದು ರೆಡಿ. ಸಿನಿಮಾ ಅಲ್ಲವೇ?

ಅಮ್ಮನೂ ನಾನೂ ಮೆಟ್ಟಿಲ ಮೇಲೆ ಕೂತೆವು. ಕ್ಯಾಮೆರಾ ನೀರಿನ ಕಡೆಗಿತ್ತು. "ನಿಮ್ಮ ಪಾಡಿಗೆ ಮಾತಾಡ್ತಿರಿ, ಅದೂ ಬೇಕು" ಅಂತ ಶಿವು ಹೇಳಿದ್ದ. ಹೇಳಿದರೇನು? ಕ್ಯಾಮೆರಾ ಕಂಡರೆ ಉಸಿರು ಬಿಗಿಹಿಡಿದು, ಕೈಕಟ್ಟಿ, ಬಾಯಿ ಮುಚ್ಚುವ ಜನ ನಾವು. ಸ್ಟುಡಿಯೋಗಳಲ್ಲಿ ಗ್ರೂಪ್ ಫೋಟೋ ತೆಗೆಸಿ ತೆಗೆಸಿ ಬಂದ ಚಾಳಿ ಇದು.

ಕಳೆದ ವಾರ ಸಿ.ಡಿ. ಬಂತು. ಮನೆಮಂದಿಯೆಲ್ಲ ಟಿ.ವಿ. ಮುಂದೆ ಸೇರಿದೆವು. ನೀರು. ಒಂದು ಎಲೆ. ಮತ್ತೆ ನೀರು. ತನ್ನ ಸೀರೆಯ ಸೆರಗೂ ಕಾಣದ್ದಕ್ಕೆ ಮುನಿಸಿಕೊಂಡು ಅಮ್ಮ ಅಡುಗೆಮನೆಗೆ ಎದ್ದುಹೋದಳು. "ಸಿ.ಡಿ. ಸ್ಟಕ್ ಆಗಿದೆ" ಅಂತ ತಮ್ಮ ಪ್ಲೇಯರ್ ತಟ್ಟಿದ. ಅಷ್ಟರಲ್ಲಿ ಟಿ.ವಿ.ಯೊಳಗಿಂದ ಅಮ್ಮನ ದನಿ ಮೆಲ್ಲಗೆ ಕೇಳಿತು.

"ಈ ಮೆಟ್ಲು ಮೇಲೇ ಕಣೇ, ನಾನೂ ಕಮಲಿನೂ..."

ತಕ್ಷಣ ಇನ್ನೊಂದು ದನಿ: "ಶ್! ಸುಮ್ನಿರಮ್ಮ, ರೆಕಾರ್ಡ್ ಆಗ್ತಿದೆ!"

ನನ್ನದೇ. ಇನ್ಯಾರದು?

ಆಮೇಲೆ ಏಳು ನಿಮಿಷ ಬರೀ ನೀರು. ಅಮ್ಮ ತುಟಿ ಪಿಟಕ್ ಅಂದಿಲ್ಲ.

ಕಮಲಿ ಯಾರು? ನಾನು ಹುಟ್ಟಿದಾಗಿನಿಂದ ಮನೆಯಲ್ಲಿ ಈ ಹೆಸರು ಕೇಳಿಲ್ಲ. ತಂಗಿಯೋ? ಗೆಳತಿಯೋ? ತವರಿನಲ್ಲಿ ವಿಚಾರಿಸೋಣವೆಂದರೆ ಅಮ್ಮನ ಓರಗೆಯವರು ಯಾರೂ ಉಳಿದಿಲ್ಲ. ಅಮ್ಮ ಹೇಳದಿದ್ದರೆ ಕಮಲಿ ಅಲ್ಲಿಗೆ ಮುಗಿದಳು. ನನಗೆ ನಾಚಿಕೆಯಾಯಿತು. ಎದ್ದು ಅಡುಗೆಮನೆಗೆ ಹೋಗಿ ಕೇಳಿಯೇ ಬಿಟ್ಟೆ.

ಅಮ್ಮ ಕಾಯಿ ತುರಿಯುವುದನ್ನು ನಿಲ್ಲಿಸಲಿಲ್ಲ. "ಅವತ್ತು ಆ ನೀರು ನೋಡ್ತಾ ನೋಡ್ತಾ ಬಾಯಿಗೆ ಬಂದಿತ್ತು ಕಣೇ. ಈಗ ಕಾಯಿ ತುರಿಯೋವಾಗ ಕೇಳಿದ್ರೆ ಎಲ್ಲಿಂದ ಬತ್ತದೆ?"

ಶಿವು ವರ್ಷಗಟ್ಟಲೆ ಕೊರೆದ ಥಿಯರಿಯನ್ನು, ಅವನ ಸಿನಿಮಾದ ಅರ್ಧಕ್ಕೇ ಎದ್ದುಹೋದವಳು ಎರಡೇ ಮಾತಿನಲ್ಲಿ ಮುಗಿಸಿಬಿಟ್ಟಳು.

ಈ ಭಾನುವಾರ ಮತ್ತೆ ಹುಲಿಕೆರೆಗೆ ಹೋಗುತ್ತಿದ್ದೇವೆ, ಅಮ್ಮ ಮತ್ತು ನಾನು ಇಬ್ಬರೇ. ಕ್ಯಾಮೆರಾ ಬೇಡ. ಅವಳು ನೀರು ನೋಡುತ್ತಾ ಕೂತಷ್ಟು ಹೊತ್ತು ನಾನು ಬಾಯಿ ಮುಚ್ಚಿಕೊಂಡಿದ್ದರೆ ಸಾಕು.

ನೀವೇ ಹೇಳಿ, ಅದು ನನ್ನ ಕೈಲಿ ಆಗುತ್ತಾ?