ಮೇಲಿನ ಮಹಡಿಯ ದರ್ಜಿ

ದಾಖಲೆ ಇಲ್ಲ ಎಂದು ನಾನು ಹೇಳಿದ್ದು ಸುಳ್ಳು. ದಾಖಲೆ ಇತ್ತು — ಹಾಗೆ ಹೇಳುವಾಗ ಅದು ನನ್ನ ಕೈಚೀಲದಲ್ಲೇ ಇತ್ತು. ಆರು ವರ್ಷ ಇದನ್ನು ಯಾರಿಗೂ ಹೇಳಲಿಲ್ಲ.

ಪ್ಲೆಸೆಂಟನ್ನಿಗೆ ಹತ್ತಿರದ ಒಂದು ಊರಿನ ಹಳೆಯ ಪೇಟೆಬೀದಿಯಲ್ಲಿ ಎರಡು ಅಂತಸ್ತಿನ ಇಟ್ಟಿಗೆ ಕಟ್ಟಡವಿತ್ತು. ಕೆಳಗೆ ನಮ್ಮ ಸುರೇಶನ ಇಂಡಿಯನ್ ಗ್ರೋಸರಿ. ಮೇಲಿನ ಮಹಡಿ ಬಹುಕಾಲದಿಂದ ಖಾಲಿ. ಅದನ್ನು ಕೆಡವಿ ಹೊಸ ಆಫೀಸುಗಳನ್ನು ಕಟ್ಟಬೇಕೆಂದು ಸುರೇಶ ಅರ್ಜಿ ಹಾಕಿದ್ದ. ಅನುಮತಿ ಕೊಡುವ ಮೊದಲು ಕಟ್ಟಡದ ಇತಿಹಾಸ ಬರೆದುಕೊಡಿ ಎಂದು ಸಿಟಿ ಆಡಳಿತದವರು ಊರಿನ ಮ್ಯೂಸಿಯಮ್ಮನ್ನು ಕೇಳಿದರು. ಕೆಲಸದಿಂದ ನಿವೃತ್ತಳಾದ ಮೇಲೆ ನಾನು ಅಲ್ಲಿ ಹಳೆಯ ಕಾಗದಪತ್ರ ನೋಡಿಕೊಳ್ಳುತ್ತಿದ್ದೆ. ಆ ಕೆಲಸ ನನಗೇ ಬಂತು.

ಯಾರೋ ದಾನ ಕೊಟ್ಟ ಪೆಟ್ಟಿಗೆಯೊಂದರಲ್ಲಿ ಆ ಫೋಟೋ ಸಿಕ್ಕಿತು. ಅದೇ ಕಟ್ಟಡ. ಮೇಲಿನ ಕಿಟಕಿಯ ಗಾಜಿನ ಮೇಲೆ ಜಪಾನಿ ಹೆಸರು, ಕೆಳಗೆ ‘ಟೈಲರ್’ ಎಂಬ ಪದ. ಕೊರಳಿಗೆ ಅಳತೆ ಟೇಪು ಹಾಕಿಕೊಂಡ ಗಂಡಸು, ಪಕ್ಕದಲ್ಲಿ ಐದಾರು ವರ್ಷದ ಹುಡುಗಿ. ಫೋಟೋದ ಹಿಂಬದಿಯಲ್ಲಿ ಬೀದಿಯ ಹೆಸರು, ಮನೆ ನಂಬರು ಎಲ್ಲ ಇತ್ತು.

ಮಾರನೆಯ ದಿನ ಸುರೇಶನಿಗೆ ತೋರಿಸಿದೆ. ಅವನು ತುಂಬ ಹೊತ್ತು ನೋಡಿದ.

“ಅಕ್ಕಾ, ಇದನ್ನ ಹಾಕ್ಲೇಬೇಕಾ? ಹಾಕಿದ್ರೆ ಹಿಸ್ಟಾರಿಕ್ ಬಿಲ್ಡಿಂಗು ಅಂತ ಮುಟ್ಟೋಕೇ ಬಿಡಲ್ಲ.”

ನನ್ನ ಗಂಡ ಲಕ್ವ ಹೊಡೆದು ಆಸ್ಪತ್ರೆಯಲ್ಲಿದ್ದ ಎರಡು ತಿಂಗಳು ನನ್ನನ್ನು ದಿನವೂ ಕರೆದುಕೊಂಡು ಹೋಗಿ ಬಂದವನು ಈ ಹಾಸನದ ಹುಡುಗ. ಅದನ್ನು ಅವನು ನೆನಪಿಸಲಿಲ್ಲ — ನೆನಪಿಸಿದ್ದರೆ ಸಿಟ್ಟಾದರೂ ಬರುತ್ತಿತ್ತೇನೋ. ಮೇಲಿನ ಮಹಡಿಯಲ್ಲಿ ಯಾರಿದ್ದರೆಂದು ತಿಳಿದಿಲ್ಲ ಎಂದು ಬರೆದುಕೊಟ್ಟೆ.

ಸಿಟಿ ಹಾಲಿನ ಸಭೆಗೆ ಹಾನಾ ಎಂಬುವರು ಬರುತ್ತಾರೆಂದು ನನಗೆ ಗೊತ್ತಿರಲಿಲ್ಲ. ಎಂಬತ್ತು ದಾಟಿದ ಹೆಂಗಸು, ಕೈಯಲ್ಲಿ ಊರುಗೋಲು. ಮೈಕಿನ ಮುಂದೆ ನಿಂತು ಹೇಳಿದರು: ಆ ಮೇಲಿನ ಮಹಡಿ ನಮ್ಮಪ್ಪನ ಹೊಲಿಗೆ ಅಂಗಡಿ. ಜಪಾನಿನೊಂದಿಗೆ ಯುದ್ಧ ಶುರುವಾದಾಗ ಸರ್ಕಾರ ಜಪಾನಿ ಮೂಲದ ನಮ್ಮನ್ನೆಲ್ಲ ಬಂಧನದ ಕ್ಯಾಂಪಿಗೆ ಸಾಗಿಸಿತು. ವಾಪಸು ಬಂದಾಗ ಅಂಗಡಿ ಬೇರೆಯವರದ್ದಾಗಿತ್ತು, ಗಾಜಿನ ಮೇಲಿನ ಹೆಸರು ಉಜ್ಜಿಹಾಕಿದ್ದರು. ಕೆಡವುವ ಮೊದಲು ಒಮ್ಮೆ ವಿಚಾರಿಸಿ.

ಅಧ್ಯಕ್ಷೆ ನನ್ನತ್ತ ತಿರುಗಿದರು. “ಇದಕ್ಕೆ ಏನಾದರೂ ದಾಖಲೆ ಇದೆಯೇ?”

ಫೋಟೋದಲ್ಲಿದ್ದ ಹುಡುಗಿ ನನ್ನ ಎದುರೇ ನಿಂತಿದ್ದಳು — ಅದೇ ಅಗಲ ಹಣೆ, ಅದೇ ತುಸು ಓರೆ ನೋಟ.

“ಇಲ್ಲ. ನಮಗೆ ಸಿಕ್ಕಿಲ್ಲ,” ಎಂದೆ.

ಹಾನಾ ಊರುಗೋಲು ಊರಿಕೊಂಡು ತಮ್ಮ ಕುರ್ಚಿಗೆ ಮರಳಿದರು. ಸಭೆಯಲ್ಲಿ ಯಾರೋ, ಪಾಪ, ವಯಸ್ಸಾಗಿದೆ, ಬೇರೆ ಬೀದಿ ಇರಬೇಕು ಎಂದರು. ಅದು ಅವರ ಕಿವಿಗೂ ಬಿತ್ತು, ನನ್ನ ಕಿವಿಗೂ. ನಾನು ಕೈಚೀಲವನ್ನು ಮಡಿಲಿಗೆ ಎಳೆದುಕೊಂಡೆ. ಎರಡು ತಿಂಗಳಲ್ಲಿ ಮೇಲಿನ ಮಹಡಿ ನೆಲಸಮವಾಯಿತು.

ಗಂಡ ಹೋದ ಮೇಲೆ, ಈ ವರ್ಷ, ಡ್ಯಾನ್‌ವಿಲ್ಲಿನಲ್ಲಿರುವ ಹಾನಾರ ಮಗಳ ಮನೆ ಹುಡುಕಿಕೊಂಡು ಹೋದೆ. ಫೋಟೋ ಮೇಜಿನ ಮೇಲಿಟ್ಟು ಎಲ್ಲವನ್ನೂ ಹೇಳಿದೆ. ಹಾನಾ ಮೊದಲು ಅಪ್ಪನ ಮುಖವನ್ನು ಬೆರಳಿಂದ ಸವರಿದರು. ಅಪ್ಪನ ಒಂದು ಫೋಟೋ ಕೂಡ ಅವರ ಬಳಿ ಇರಲಿಲ್ಲವಂತೆ — ನಾನು ಬಚ್ಚಿಟ್ಟಿದ್ದು ಏನನ್ನು ಎಂಬುದು ಆಗ ತಿಳಿಯಿತು.

“ಅವತ್ತು ಇದು ನಿನ್ನ ಹತ್ತಿರ ಇತ್ತಾ?”

“ಇತ್ತು.”

“ಮನೆಗೆ ಬಂದು ನಾನೇ ತಪ್ಪಿರಬೇಕು ಅಂದುಕೊಂಡೆ. ಅಪ್ಪನ ಅಂಗಡಿ ಎಲ್ಲಿತ್ತು ಅನ್ನೋದೇ ನನಗೆ ಮರೆತಿದೆ ಅಂತ.” ಫೋಟೋವನ್ನು ತಮ್ಮತ್ತ ಎಳೆದುಕೊಂಡು ಮತ್ತೆ ಅಂದರು, “ಇದನ್ನು ನನಗೆ ಹೇಳಿ ಹಗುರಾಗಬೇಡ. ಹೋಗಿ ಆ ಸಭೆಯವರ ಮುಂದೆ ಹೇಳು.”

ಕ್ಷಮಿಸಿದ್ದೇನೆ ಎನ್ನಲಿಲ್ಲ. ಕೇಳುವ ಧೈರ್ಯ ನನಗೂ ಇರಲಿಲ್ಲ.

ಮುಂದಿನ ಮಂಗಳವಾರ ಸಿಟಿ ಹಾಲಿನಲ್ಲಿ ಸಭೆ. ಮಾತನಾಡುವವರ ಪಟ್ಟಿಯಲ್ಲಿ ಹೆಸರು ಬರೆಸಿದ್ದೇನೆ. ಸುರೇಶನಿಗೂ ತಿಳಿಸಿದೆ — ಅವನ ಹೆಸರು ಎತ್ತುವುದಿಲ್ಲ, ಬರೆದ ಕೈ ನನ್ನದು. ಅವನು ಫೋನಿಟ್ಟ. ಹಾನಾ ಬರುತ್ತಾರೋ ಇಲ್ಲವೋ ಗೊತ್ತಿಲ್ಲ. ಬಾರದಿದ್ದರೂ ಹೇಳುತ್ತೇನೆ.