ಬಂದರು ಬಿಡದ ಬೋಟು

ನನ್ನ ಭಾವ ವಾಸು ತಾಂಡೇಲರು ಒಂದು ಕಡೆ ನೆಟ್ಟಗೆ ಕೂತದ್ದನ್ನು ನೋಡಿದವರು ಕಡಿಮೆ. ಮದುವೆ ಮನೆಯಲ್ಲಿ ಊಟಕ್ಕೆ ಕೂತರೂ ಪಾಯಸ ಬರುವ ಮೊದಲೇ ಎದ್ದು ಬಡಿಸುವವರ ಜೊತೆ ಸೇರಿಕೊಳ್ಳುವ ಜನ. ಎಷ್ಟೋ ವರ್ಷಗಳಿಂದ ಮಲ್ಪೆಯಿಂದ ಆಳಸಮುದ್ರಕ್ಕೆ ಹೋಗುವ ಬೋಟು ನಡೆಸುತ್ತಿದ್ದಾರೆ. ಬಲೆ ಎಲ್ಲಿ ಬಿಡಬೇಕು, ಯಾವಾಗ ಎಳೆಯಬೇಕು, ಯಾವಾಗ ದಡಕ್ಕೆ ತಿರುಗಬೇಕು ಎಂಬುದೆಲ್ಲ ಬೋಟಿನಲ್ಲಿ ತಾಂಡೇಲನ ಮಾತು. ಇಂಥವರನ್ನು ಜೂನ್ ಬಂದ ಕೂಡಲೇ ಸರಕಾರ ಮನೆಯಲ್ಲಿ ಕೂರಿಸುತ್ತದೆ. ಮಳೆಗಾಲದ ಎರಡು ತಿಂಗಳು ಮೀನು ಮೊಟ್ಟೆಯಿಡುವ ಕಾಲ, ಯಾಂತ್ರಿಕ ಬೋಟುಗಳು ಕಡಲಿಗೆ ಇಳಿಯುವಂತಿಲ್ಲ. ಆ ಎರಡು ತಿಂಗಳು ನನ್ನ ಅಕ್ಕ ಸ್ವರ್ಣಲತಾ ಪಡುವ ಪಾಡು ದೇವರಿಗೇ ಪ್ರೀತಿ.

ಅವರ ಮನೆ ಕಾಪುವಿನ ಕಡಲ ಬದಿಯಲ್ಲಿ. ರಜೆಯ ಕಾಲದಲ್ಲಿ ಭಾವ ಹರಿಯದ ಬಲೆಯನ್ನು ಹರಡಿಕೊಂಡು ರಿಪೇರಿ ಮಾಡುತ್ತಾರೆ. ಅಕ್ಕ ಮಾರಲೆಂದು ಒಣಮೀನು ಕಟ್ಟಿಟ್ಟರೆ ಅದನ್ನು ಬಿಚ್ಚಿ ಮತ್ತೊಮ್ಮೆ ಕಟ್ಟುತ್ತಾರೆ. ಅಡುಗೆಮನೆಯ ಡಬ್ಬಗಳನ್ನು ಸಾಲಾಗಿ ಇಟ್ಟು, ಸಾಸಿವೆ ಎಲ್ಲಿ ಎಂದು ಅಕ್ಕನಿಗೇ ಗೊತ್ತಾಗದ ಹಾಗೆ ಮಾಡುತ್ತಾರೆ. ಅಲ್ಲಿಂದ ಓಡಿಸಿದರೆ ಬಸ್ಸು ಹತ್ತಿ ಕಟಪಾಡಿಗೆ ಬಂದು ನನ್ನ ಅಂಗಡಿಯ ಬಾಗಿಲಲ್ಲಿ ನಿಲ್ಲುತ್ತಾರೆ.

ನನ್ನದು ಕಂಪ್ಯೂಟರ್ ರಿಪೇರಿ ಅಂಗಡಿ. ಜಂಕ್ಷನ್ನಿನಲ್ಲೇ ಉಂಟು, ಬೇಕರಿಯ ಪಕ್ಕ. ಹೊಟ್ಟೆ ತುಂಬಿಸುವುದು ಮಾತ್ರ ಮಣಿಪಾಲದ ಹಾಸ್ಟೆಲಿನ ಹುಡುಗರು. ಅಪ್ಪ ಕೊಡಿಸಿದ ಕಂಪ್ಯೂಟರನ್ನು ಆಟೋದಲ್ಲಿ ಮಗುವಿನ ಹಾಗೆ ತೊಡೆಯ ಮೇಲಿಟ್ಟುಕೊಂಡು ಬಂದು, ಅದರಲ್ಲಿ ಹಿಡಿಸಲಾಗದಷ್ಟು ದೊಡ್ಡ ಆಟ ಹಾಕಿಕೊಡಿ ಎನ್ನುತ್ತಾರೆ. ಓದಲಿಕ್ಕೆ ಬಂದವರಿಗೆ ಇದೆಲ್ಲ ಯಾಕೆ ಎಂದು ನನಗೆ ಅನಿಸುತ್ತದೆ, ಆದರೆ ನಾನು ಅವರ ಪ್ರಿನ್ಸಿಪಾಲನಲ್ಲ. ಹಾಕಿಕೊಡುತ್ತೇನೆ. ಆಟ ಇಳಿದು ಮುಗಿಯುವವರೆಗೆ ಹುಡುಗರು ಬೆಂಚಿನಲ್ಲಿ ಕಾಯುತ್ತಾರೆ. ಭಾವ ಬಂದರೆ ಅವರ ಮುಂದೆ ಶತಪಥ ಹಾಕುತ್ತ, ಯಾವ ಊರು, ಅಲ್ಲಿ ಕಡಲು ಉಂಟಾ, ಇಲ್ಲದಿದ್ದರೆ ಮೀನಿಗೆ ಎಂತ ಮಾಡುತ್ತೀರಿ ಎಂದೆಲ್ಲ ವಿಚಾರಿಸಿ ಅವರ ತಲೆ ತಿನ್ನುತ್ತಾರೆ.

ಈ ವರ್ಷ ಅವರ ಚಡಪಡಿಕೆ ಬೇರೆಯೇ ಆಗಿತ್ತು. ಮೇ ತಿಂಗಳ ಕೊನೆಯ ಟ್ರಿಪ್ಪಿನಲ್ಲಿ ಗಾಳಿ ಎದ್ದು ಅವರ ಬೋಟಿನ ಕೀರ್ತನ್ ಎಂಬವನು ಕಡಲಿಗೆ ಬಿದ್ದಿದ್ದ. ಎರಡು ಮಕ್ಕಳ ತಂದೆ. ಭಾವ ಆ ಅಲೆಗಳ ನಡುವೆ ಬೋಟು ತಿರುಗಿಸಿ, ಹಗ್ಗ ಹಾಕಿಸಿ ಅವನನ್ನು ಜೀವಸಹಿತ ಮೇಲೆತ್ತಿಸಿದರೆಂದು ಊರೆಲ್ಲ ಸುದ್ದಿಯಾಯಿತು. ಭಜನಾ ಮಂದಿರದಲ್ಲಿ ಶಾಲು ಹೊದೆಸಿ, ಹಣ್ಣಿನ ಬುಟ್ಟಿ ಕೊಟ್ಟು ಸನ್ಮಾನ ಮಾಡಿದರು. ವೇದಿಕೆಯ ಮೇಲೂ ಭಾವ ಕುರ್ಚಿಯ ತುದಿಯಲ್ಲೇ ಕೂತಿದ್ದರು. ಅದು ಅವರ ಹುಟ್ಟುಗುಣ ಎಂದು ನಾವೆಲ್ಲ ನಕ್ಕೆವು.

ಆಮೇಲೆ ಅವರಿಗೆ ನಿದ್ದೆ ಹೋಯಿತು, ಊಟ ಅರ್ಧಕ್ಕೆ ನಿಂತಿತು. ಬೋಟಿನ ಮಾಲಕರಾದ ಕೆಮ್ಮಣ್ಣು ಊರಿನ ಜೋವಿನ್ ಪೊರ್ಬುಗಳು ಫೋನು ಮಾಡಿ, ಆಗಸ್ಟಿನಲ್ಲಿ ಬೋಟು ನೀವೇ ಇಳಿಸುವುದಲ್ವಾ ಎಂದು ಕೇಳಿದರೆ, ನೋಡುವ ಎಂದು ಇಟ್ಟುಬಿಡುತ್ತಿದ್ದರು. ಇಷ್ಟು ವರ್ಷ ಯಾರೂ ಅವರನ್ನು ಆ ಪ್ರಶ್ನೆ ಕೇಳಿದ್ದಿಲ್ಲ, ಅವರು ಹಾಗೆ ಉತ್ತರ ಕೊಟ್ಟದ್ದೂ ಇಲ್ಲ. ಬೋಟು ಬಿಟ್ಟರೆ ಈ ಮನುಷ್ಯ ಏನು ಮಾಡುತ್ತಾನೆ ಎಂಬ ಹೆದರಿಕೆ ಅಕ್ಕನಿಗೆ ಹಿಡಿಯಿತು. ಒಂದು ದಿನ ನನಗೆ ಫೋನು ಮಾಡಿ, ಏನಾದರೂ ಮಾಡಿ ಇವರನ್ನು ಒಂದು ಕಡೆ ಕೂರಿಸು, ಇಲ್ಲದಿದ್ದರೆ ನಾನೇ ಮನೆ ಬಿಟ್ಟು ಹೋಗುತ್ತೇನೆ ಎಂದಳು.

ಕೂರಿಸುವ ವಿದ್ಯೆ ನನಗೆ ಗೊತ್ತಿರುವುದು ಒಂದೇ. ಅಕ್ಕನ ಮಗಳು ತೃಪ್ತಿ ಮಣಿಪಾಲದಲ್ಲಿ ಇಂಜಿನಿಯರಿಂಗ್ ಓದುತ್ತಾಳೆ. ಅವಳಿಗೆ ಲ್ಯಾಪ್‌ಟಾಪ್ ಬಂದ ಮೇಲೆ ಹಳೆಯ ಕಂಪ್ಯೂಟರು ಮನೆಯ ಮೂಲೆಯಲ್ಲಿ ಬಟ್ಟೆ ಹೊದ್ದುಕೊಂಡು ಕೂತಿತ್ತು. ಮೀನುಗಾರಿಕೆ ಬೋಟು ನಡೆಸುವ ಆಟವೊಂದನ್ನು ಹಿಂದೆ ಯಾರೋ ಹುಡುಗನಿಗೆ ಹಾಕಿಕೊಟ್ಟದ್ದು ನೆನಪಾಯಿತು. ಅಂಗಡಿಯಲ್ಲಿ ಬಿದ್ದಿದ್ದ ಒಂದು ಗ್ರಾಫಿಕ್ಸ್ ಕಾರ್ಡು ಹಿಡಿದುಕೊಂಡು ಕಾಪುವಿಗೆ ಹೋದೆ.

ಅದನ್ನು ಹಾಕಿ ಮುಗಿಸುವಷ್ಟರಲ್ಲಿ ನನ್ನ ತಾಳ್ಮೆ ಮುಗಿದಿತ್ತು. ಹಳೆಯ ಡಿಸ್ಕಿನಲ್ಲಿ ಜಾಗವೇ ಇಲ್ಲ. ತೃಪ್ತಿಗೆ ಫೋನು ಮಾಡಿ ಕೇಳಿ ಕೇಳಿ ಒಂದೊಂದನ್ನೇ ಅಳಿಸಿದೆ. ಜಾಗವಾಯಿತು ಎಂದರೆ ಮಳೆಗೆ ಇಂಟರ್‌ನೆಟ್ಟು ನಿಂತಿತು. ನೆಟ್ಟು ಬಂತು ಎಂದರೆ ಕರೆಂಟು ಹೋಯಿತು. ಎಲ್ಲ ಇಳಿದ ಮೇಲೆ ಯಾವುದೋ ಫೈಲು ಇಲ್ಲವೆಂದು ಪರದೆ ತಕರಾರು ತೆಗೆಯಿತು. ಅಷ್ಟೂ ಹೊತ್ತು ಭಾವ ನನ್ನ ಬೆನ್ನ ಹಿಂದೆ ಅಂಗಳಕ್ಕೂ ಕೋಣೆಗೂ ಓಡಾಡುತ್ತ, ಬೋಟು ಕಟ್ಟಿ ನೀರಿಗೆ ಇಳಿಸಲಿಕ್ಕೂ ಇಷ್ಟು ರಗಳೆ ಇಲ್ಲ ಎಂದು ಗೊಣಗುತ್ತಿದ್ದರು. ತಿರುಗಿ ಬೈಯಬೇಕೆಂದು ಬಾಯಿಗೆ ಬಂದದ್ದನ್ನು ಅಕ್ಕನ ಮುಖ ನೋಡಿ ನುಂಗಿಕೊಂಡೆ.

ಕೊನೆಗೂ ಆಟ ತೆರೆಯಿತು. ಪರದೆಯಲ್ಲಿ ಬಂದರು, ದಕ್ಕೆ, ಅದಕ್ಕೆ ಕಟ್ಟಿದ ಕೆಂಪು ಬೋಟು, ಮೇಲೆ ಹಾರುವ ಹಕ್ಕಿಗಳು. ಭಾವ ಕನ್ನಡಕ ಹಾಕಿಕೊಂಡು ಹತ್ತಿರ ಬಂದರು. ಐಸು ಎಲ್ಲಿ ತುಂಬಿಸುವುದು, ಉಳಿದವರೆಲ್ಲ ಎಲ್ಲಿ, ಇಷ್ಟು ದೊಡ್ಡ ಬೋಟಿಗೆ ಒಬ್ಬನೇ ಜನವಾ ಎಂದು ತಪ್ಪು ಹುಡುಕಿದರು. ಅಂದರೆ ಹಿಡಿಸಿತು ಎಂದು ಅರ್ಥ. ಯಾವ ಗುಂಡಿ ಒತ್ತಿದರೆ ಏನು ಎಂದು ನಾನು ಹೇಳಿಕೊಟ್ಟು, ಹಗ್ಗ ಬಿಚ್ಚಿ ಹೊರಗೆ ಹೋಗಿ ಎಂದೆ. ಅವರು ಕೈ ಹಿಂದೆ ತೆಗೆದರು.

“ಈಗ ಜೂನ್ ಅಲ್ವಾ ಮಾರಾಯ? ರಜೆಯಲ್ಲಿ ಬೋಟು ಇಳಿಸುವುದು ಹೇಗೆ?”

ಇದು ಆಟ ಭಾವ, ಇದಕ್ಕೆ ಯಾವ ಇಲಾಖೆಯೂ ದಂಡ ಹಾಕುವುದಿಲ್ಲ ಎಂದರೂ ಕೇಳಲಿಲ್ಲ. ರಜೆ ಎಂದರೆ ರಜೆ. ನಾನೂ ಅಕ್ಕನೂ ಹೊಟ್ಟೆ ಹಿಡಿದುಕೊಂಡು ನಕ್ಕೆವು. ಮರುದಿನ ಕಟಪಾಡಿಯಲ್ಲಿ ಇದನ್ನು ಸಿಕ್ಕಿದವರಿಗೆಲ್ಲ ಹೇಳಿದೆ. ಮಣಿಪಾಲದ ಹುಡುಗರೂ ನಕ್ಕರು. ಪರದೆಯ ಕಡಲಿನಲ್ಲೂ ಮೀನಿನ ಮರಿಗಳನ್ನು ಉಳಿಸುವ ತಾಂಡೇಲರೆಂದು ಭಾವನಿಗೆ ಹೆಸರು ಬಂತು.

ಅವರು ಕೂತದ್ದಂತೂ ನಿಜ. ಬೆಳಿಗ್ಗೆ ಚಹಾ ಕುಡಿದು ಕಂಪ್ಯೂಟರು ಹಚ್ಚುತ್ತಿದ್ದರು. ಆಟದೊಳಗಿನ ಬೋಟನ್ನು ತೊಳೆಯುವುದು, ಬಲೆ ಹರಡುವುದು, ದಕ್ಕೆಯ ಮೇಲೆ ಆ ತುದಿಯಿಂದ ಈ ತುದಿಗೆ ನಡೆಯುವುದು. ಇಂಜಿನು ಚಾಲೂ ಮಾಡುವುದು, ಅದರ ಸದ್ದು ಕೇಳುವುದು, ನಿಲ್ಲಿಸುವುದು. ಆಮೇಲೆ ಕುರ್ಚಿಯಿಂದ ಎದ್ದು ನಿಜವಾದ ಅಂಗಳದಲ್ಲಿ ನಡೆಯುವುದು, ಪುನಃ ಬಂದು ಇಂಜಿನು ಚಾಲೂ ಮಾಡುವುದು. ಅಕ್ಕ ಮೊದಮೊದಲು ಸದ್ಯ ಡಬ್ಬಗಳು ಉಳಿದವು ಎಂದಳು. ಜುಲೈ ಹೊತ್ತಿಗೆ ಅವಳಿಗೆ ಆ ಇಂಜಿನಿನ ಸದ್ದು ಕೇಳಿದರೆ ಎದೆ ಧಸಕ್ಕೆನ್ನುತ್ತಿತ್ತು. ಜೋವಿನ್ ಪೊರ್ಬುಗಳ ಫೋನು ಬಂದರೆ ಭಾವ ಎತ್ತುತ್ತಲೇ ಇರಲಿಲ್ಲ. ಅಕ್ಕ ಎತ್ತಿ, ಸ್ನಾನಕ್ಕೆ ಹೋಗಿದ್ದಾರೆ ಎನ್ನುತ್ತಿದ್ದಳು. ದಿನಕ್ಕೆ ಎಷ್ಟು ಸಲ ಸ್ನಾನ ಮಾಡುತ್ತಾರೆ ನಿಮ್ಮವರು ಎಂದು ಅವರೂ ಒಮ್ಮೆ ಕೇಳಿದರಂತೆ.

ಆಗಸ್ಟ್ ಬಂತು, ರಜೆ ಮುಗಿಯಿತು. ಕಡಲಿಗೆ ಹಾಲೆರೆದು, ತೆಂಗಿನಕಾಯಿ ಬಿಟ್ಟು ಸಮುದ್ರ ಪೂಜೆಯೂ ಆಯಿತು. ಮಲ್ಪೆಯಲ್ಲಿ ಬೋಟುಗಳಿಗೆ ಐಸು, ಡೀಸೆಲ್ ಹತ್ತತೊಡಗಿತು. ಜೋವಿನ್ ಪೊರ್ಬುಗಳ ಬೋಟು ಮರುದಿನ ಬೆಳಿಗ್ಗೆ ಹೊರಡುವುದೆಂದು ನಿಶ್ಚಯವಾದ ದಿನ ಅಕ್ಕ ಪುನಃ ಫೋನು ಮಾಡಿದಳು. ಅವರು ಇನ್ನೂ ಹೌದು ಎಂದಿಲ್ಲ, ಇಲ್ಲ ಎಂದೂ ಇಲ್ಲ. ಮಾಲಕರು ಬೇರೆ ತಾಂಡೇಲನನ್ನು ಹುಡುಕುತ್ತಿದ್ದಾರೆ ಎಂದು ಸುದ್ದಿ. ನೀನು ಬಂದು ಕೇಳು ಎಂದಳು. ನನಗೂ ಸಿಟ್ಟು ನೆತ್ತಿಗೇರಿತ್ತು. ಅಂಗಡಿಗೆ ಅರ್ಧ ಬಾಗಿಲು ಎಳೆದು ಹೊರಟೆ.

ಭಾವ ಕಂಪ್ಯೂಟರಿನ ಮುಂದೆಯೇ ಇದ್ದರು. ಪರದೆಯಲ್ಲಿ ಅದೇ ಬಂದರು, ಅದೇ ಕೆಂಪು ಬೋಟು, ಬಿಚ್ಚದ ಹಗ್ಗ. ಒಂದು ಮೂಲೆಯಲ್ಲಿ ಹಿಡಿದ ಮೀನಿನ ಲೆಕ್ಕ ಸೊನ್ನೆ ಎಂದು ತೋರಿಸುತ್ತಿತ್ತು. ರಜೆ ಮುಗಿಯಿತಲ್ಲ ಭಾವ, ಇನ್ನು ಎಂತ ನೆಪ ಎಂದು ಕೇಳಿದೆ. ನಾನು ಇನ್ನೊಂದು ಕುರ್ಚಿ ಎಳೆದುಕೊಂಡು ಕೂತು, ಅವರ ಕೈಯಿಂದ ಮೌಸು ಕಿತ್ತುಕೊಂಡು ಹಗ್ಗ ಬಿಚ್ಚಿದೆ. ಬೋಟು ದಕ್ಕೆ ಬಿಟ್ಟಿತು. ಕಲ್ಲಿನ ತಡೆಗೋಡೆ ದಾಟಿತು. ಆಚೆ ಬರೀ ನೀರು. ಬೋಟಿನ ಮೂತಿ ಮೇಲೆದ್ದು ಕೆಳಗಿಳಿಯತೊಡಗಿತು, ಸ್ಪೀಕರಿನಿಂದ ಗಾಳಿಯ ಸದ್ದು ಬಂತು. ಭಾವ ಮೆಲ್ಲಗೆ, ಹಿಂದೆ ತಿರುಗಿಸು ಎಂದರು. ತಮಾಷೆ ಎಂದುಕೊಂಡು ನಾನು ಇನ್ನೂ ಜೋರಾಗಿ ಬಿಟ್ಟೆ. ಆಗ ಅವರ ಎರಡೂ ಕೈ ಕೀಬೋರ್ಡಿನ ಮೇಲೆ ಬಿದ್ದವು. ತಿರುಗಿ ನೋಡಿದರೆ ಬನಿಯನು ಬೆವರಿನಿಂದ ಒದ್ದೆ, ಮುಖದಲ್ಲಿ ರಕ್ತವೇ ಇಲ್ಲ. ಓಡಿಹೋಗಿ ಗೋಡೆಯ ಸ್ವಿಚ್ಚು ಆರಿಸಿದೆ.

ಭಾವ ಆರಿದ ಪರದೆಯನ್ನೇ ನೋಡುತ್ತ ಹೇಳಿದರು.

“ಕೀರ್ತನ್ ಬಿದ್ದದ್ದನ್ನು ನಾನು ನೋಡಿದೆ ಮನೀಶ. ನೋಡಿಯೂ ಕೈ ಏಳಲಿಲ್ಲ. ಸ್ಟೇರಿಂಗ್ ಹಿಡಿದುಕೊಂಡು ಕಂಬದ ಹಾಗೆ ನಿಂತಿದ್ದೆ. ಬೋಟು ಗಾಳಿಗೆ ತಾನಾಗಿ ತಿರುಗಿದ್ದು, ನಾನು ತಿರುಗಿಸಿದ್ದಲ್ಲ. ಹಗ್ಗ ಬಿಸಾಡಲಿಕ್ಕೆ ನಾನು ಹೇಳಿದ್ದೂ ಅಲ್ಲ. ಅದಕ್ಕೆ ನನಗೆ ಶಾಲು ಹೊದೆಸಿದರು.”

ನನ್ನ ಬಾಯಿ ದೊಡ್ಡದೆಂದು ಊರಿಗೇ ಗೊತ್ತು. ರಜೆಯೆಂಬ ಅವರ ನೆಪವನ್ನು ಜಂಕ್ಷನ್ನಿನಲ್ಲಿ ಹೇಳಿ ನಗಿಸಿದ್ದೂ ಅದೇ ಬಾಯಿ. ಅಡುಗೆಮನೆಯ ಬಾಗಿಲಲ್ಲಿ ಅಕ್ಕ ನಿಂತಿದ್ದಳು. ಎಲ್ಲ ಕೇಳಿಸಿಕೊಂಡಿದ್ದಳು. ಬಂದು ಅವರ ಕಾಲ ಬಳಿ ನೆಲದ ಮೇಲೆ ಕೂತು, ಇಷ್ಟು ದಿನ ಇದನ್ನು ಒಬ್ಬರೇ ಇಟ್ಟುಕೊಂಡದ್ದಾ ಎಂದು ಅತ್ತಳು. ಹೋಗುವುದೇ ಬೇಡ, ಪೊರ್ಬುಗಳಿಗೆ ನಾನೇ ಹೇಳುತ್ತೇನೆ, ಒಣಮೀನು ಮಾರಿ ಬದುಕುವ ಎಂದಳು. ಹೇಳುವುದಾದರೆ ನಾನೇ ಹೇಳಬೇಕು, ಅದೂ ಮೊದಲು ಕೀರ್ತನ್‌ಗೆ ಎಂದು ಭಾವ ಅಂದರು.

ಕೀರ್ತನ್ ಸಂಜೆ ತಾನಾಗಿಯೇ ಬಂದ. ಹೆಗಲಲ್ಲಿ ಬ್ಯಾಗು, ಗೇಟಿನ ಹೊರಗೆ ಕಾಯುವ ರಿಕ್ಷಾ. ಒಟ್ಟಿಗೆ ಮಲ್ಪೆಗೆ ಹೋಗುವ ಎಂದು ಬಂದದ್ದು. ಅಕ್ಕ ಚಹಾ ತರಲು ಹೊರಟವಳು ಅಲ್ಲೇ ನಿಂತಳು. ಭಾವ ಜಗಲಿಯ ಕಂಬ ಹಿಡಿದುಕೊಂಡು, ನನಗೆ ಹೇಳಿದ್ದನ್ನೆಲ್ಲ ಅವನಿಗೂ ಹೇಳಿದರು. ಒಂದು ಮಾತನ್ನೂ ಮೆದು ಮಾಡಲಿಲ್ಲ. ನಿನ್ನ ಮಕ್ಕಳ ಮುಖ ನೋಡಲಿಕ್ಕೆ ನನಗೆ ಆಗುವುದಿಲ್ಲ ಎಂದರು. ಅವನು ಎಗರಿ ಬೀಳುತ್ತಾನೋ, ಬೈದು ಹೋಗುತ್ತಾನೋ ಎಂದು ನಾನು ಒಂದು ಹೆಜ್ಜೆ ಮುಂದೆ ಬಂದು ನಿಂತೆ.

ಕೀರ್ತನ್ ಬ್ಯಾಗನ್ನು ಕೆಳಗಿಟ್ಟ.

“ನನಗೆ ಗೊತ್ತುಂಟು ವಾಸಣ್ಣ. ನೀರಿನಲ್ಲಿದ್ದು ನಾನು ನಿಮ್ಮ ಮುಖವನ್ನೇ ನೋಡುತ್ತಿದ್ದದ್ದು.”

ಭಾವನ ಕೈ ಕಂಬದಿಂದ ಜಾರಿತು. ಗೊತ್ತಿದ್ದೂ ಸನ್ಮಾನದ ದಿನ ಮುಂದಿನ ಸಾಲಿನಲ್ಲಿ ಕೂತು ಚಪ್ಪಾಳೆ ತಟ್ಟಿದ್ದಾ, ಗೊತ್ತಿದ್ದೂ ಈಗ ಕರೆಯಲಿಕ್ಕೆ ಬಂದದ್ದಾ ಎಂದು ಕೇಳಿದರು. ಕೀರ್ತನ್ ಅಂಗಳದ ಕಡೆ ನೋಡಿದ.

“ಆ ದಿನದಿಂದ ಕಾಲು ಒದ್ದೆ ಮಾಡಲಿಕ್ಕೂ ನನಗೆ ಹೆದರಿಕೆ. ಮನೆಯಲ್ಲಿ ಹೇಳಲಿಕ್ಕೆ ಆಗುವುದಿಲ್ಲ. ಹೆದರಿಕೆ ಎಂದರೆ ಎಂತ ಎಂದು ಗೊತ್ತಿರುವವರು ಬೋಟಿನಲ್ಲಿ ಒಬ್ಬರಾದರೂ ಬೇಕಲ್ವಾ? ನೀವು ಬರುವುದಿಲ್ಲ ಎಂದರೆ ನಾನೂ ಇಲ್ಲಿಂದಲೇ ವಾಪಸು.”

ನಾನು ಮುಖ ಆಚೆ ತಿರುಗಿಸಿಕೊಂಡೆ. ಕಣ್ಣು ತುಂಬಿತ್ತು, ಅದನ್ನು ಮುಚ್ಚಿಡಲು ಏನಿದೆ. ಭಾವ ಜಗಲಿಯ ಮೆಟ್ಟಿಲಿನ ಮೇಲೆ ಕೀರ್ತನ್‌ನ ಪಕ್ಕ ಕೂತರು. ಎದ್ದು ಓಡಾಡಲಿಲ್ಲ, ಏನನ್ನೂ ಸರಿ ಮಾಡಲು ಹೋಗಲಿಲ್ಲ. ಹೊರಗಿನ ರಿಕ್ಷಾದವನು ಒಮ್ಮೆ ಹಾರ್ನು ಬಾರಿಸಿ ಸುಮ್ಮನಾದ. ಅಕ್ಕ ತಂದಿಟ್ಟ ಚಹಾವನ್ನು ಇಬ್ಬರೂ ಕೊನೆಯ ಗುಟುಕಿನವರೆಗೆ ಕುಡಿದರು.

“ಅಳಿವೆ ದಾಟಿ ಕಡಲು ಸೇರುವವರೆಗೆ ನೀನು ನನ್ನ ಹತ್ತಿರವೇ ನಿಲ್ಲಬೇಕು,” ಎಂದರು ಭಾವ.

ನಿಲ್ಲುತ್ತೇನೆ ಎಂದ ಕೀರ್ತನ್. ಬೇಡ ಎನ್ನಲು ಅಕ್ಕ ಬಾಯಿ ತೆರೆದವಳು, ಒಳಗೆ ಹೋಗಿ ಅವರ ಬಟ್ಟೆ ಮಡಚತೊಡಗಿದಳು.